ನಾಳೆಯ ಬಗ್ಗೆ ಹೇಳುವ ಪದಗಳು: ಯಾವುದನ್ನು ಎಲ್ಲಿ ಬಳಸಬೇಕು?

ಭವಿಷ್ಯ, ಮುನ್ಸೂಚನೆ, ಊಹೆ, ಅಂದಾಜು. ನಾಲ್ಕೂ ಮುಂದಾಗುವುದರ ಬಗ್ಗೆಯೇ, ಆದರೆ ಒಂದರ ಜಾಗದಲ್ಲಿ ಇನ್ನೊಂದು ಕೂರುವುದಿಲ್ಲ. ಹೇಳುವವರು ಯಾವ ಆಧಾರದ ಮೇಲೆ ಹೇಳುತ್ತಿದ್ದಾರೆ ಅಂತ ಕೇಳಿಕೊಳ್ಳಿ, ಪದ ತಾನಾಗಿ ಸಿಗುತ್ತದೆ.

‘ಭವಿಷ್ಯ’ಕ್ಕೆ ಎರಡು ಅರ್ಥ ಇದೆ. ‘ಮಗುವಿನ ಭವಿಷ್ಯ ಹಾಳಾಯಿತು’ ಅಂದಾಗ ಅದು ಮುಂದಿನ ಬದುಕು. ‘ಭವಿಷ್ಯ ನುಡಿದರು’ ಅಂದಾಗ ಮುಂದಾಗುವುದನ್ನು ಮೊದಲೇ ಹೇಳಿದ ಮಾತು. ಜೊತೆಗಿರುವ ಕ್ರಿಯಾಪದ ನೋಡಿದರೆ ಯಾವುದು ಅಂತ ತಿಳಿಯುತ್ತದೆ. ಭವಿಷ್ಯವಾಣಿ, ಕಾಲಜ್ಞಾನ, ಕಣಿ, ಶಕುನ ಇವೆಲ್ಲ ನಂಬಿಕೆಯ ಕಡೆಯ ಪದಗಳು. ಕಣಿ ಹೇಳುತ್ತಾರೆ, ಶಕುನ ನೋಡುತ್ತಾರೆ.

‘ಮುನ್ಸೂಚನೆ’ಗೆ ಮಾತ್ರ ಕಣ್ಣಿಗೆ ಕಾಣುವ ಲಕ್ಷಣವೋ ಅಳತೆಯೋ ಬೇಕು. ಅದಕ್ಕೇ ‘ಹವಾಮಾನ ಮುನ್ಸೂಚನೆ’ ಅನ್ನುತ್ತೇವೆ, ‘ಹವಾಮಾನ ಭವಿಷ್ಯವಾಣಿ’ ಅನ್ನುವುದಿಲ್ಲ. ಇದನ್ನು ‘ಮುನ್ನೆಚ್ಚರಿಕೆ’ಯ ಜೊತೆ ಬೆರೆಸಬೇಡಿ. ಮುನ್ಸೂಚನೆ ಕೊಡುವುದು, ಮುನ್ನೆಚ್ಚರಿಕೆ ವಹಿಸುವುದು.

ಅಂದಾಜಿನಲ್ಲಿ ಸಾಮಾನ್ಯವಾಗಿ ಲೆಕ್ಕ ಇರುತ್ತದೆ: ಎಷ್ಟು ಖರ್ಚು, ಎಷ್ಟು ಹೊತ್ತು. ಊಹೆಗೆ ಲೆಕ್ಕ ಬೇಕಿಲ್ಲ. ಅದು ಬರೀ ನಾಳೆಗೆ ಸೇರಿದ್ದೂ ಅಲ್ಲ. ‘ಅವರು ನಿನ್ನೆಯೇ ಹೊರಟಿರಬೇಕು’ ಅನ್ನುವುದೂ ಊಹೆಯೇ ಅಲ್ವಾ?

‘ನಿರೀಕ್ಷೆ’ಯಲ್ಲಿ ಆಸೆಯ ಎಳೆ ಇದೆ. ಹಾಗಾಗಿ ‘ಪ್ರವಾಹದಿಂದ ಸಾವುನೋವಿನ ನಿರೀಕ್ಷೆ ಇದೆ’ ಅಂತ ಬರೆದರೆ ಓದುವವರಿಗೆ ಚುಚ್ಚುತ್ತದೆ. ಅಲ್ಲಿ ‘ಸಾಧ್ಯತೆ’ ಅಥವಾ ‘ಆತಂಕ’ ಸರಿ. ಸುದ್ದಿ ಬರೆಯುವವರು ಇದನ್ನು ಜಾಸ್ತಿ ಗಮನಿಸಬೇಕು ಅಂತ ನನಗನ್ನಿಸುತ್ತದೆ.

ಇನ್ನು ನನಗೆ ತುಂಬಾ ಇಷ್ಟವಾದ ಭಾಗ, ಕ್ರಿಯಾಪದದ ರೂಪಗಳು. ಎಷ್ಟು ಖಚಿತ ಅನ್ನುವುದನ್ನು ಕನ್ನಡ ಕ್ರಿಯಾಪದದ ಕೊನೆಯಲ್ಲೇ ಹೇಳಿಬಿಡುತ್ತದೆ. ‘2061ರಲ್ಲಿ ಹ್ಯಾಲಿ ಧೂಮಕೇತು ಮತ್ತೆ ಬರಲಿದೆ’ ಅನ್ನಬಹುದು, ಯಾಕೆಂದರೆ ಅದರ ದಾರಿ ಲೆಕ್ಕಕ್ಕೆ ಸಿಕ್ಕಿದೆ. ‘ನಾಳೆ ಮಳೆ ಬರಬಹುದು’ ಅಂದರೆ ಬರದೆಯೂ ಇರಬಹುದು. ‘ಮಳೆ ಬಂದೀತು’ ಇನ್ನೂ ಸೂಕ್ಷ್ಮ. ವ್ಯಾಕರಣದಲ್ಲಿ ಇದಕ್ಕೆ ಸಂಭಾವನಾರ್ಥಕ ಅಂತ ಹೆಸರು. ಬಂದೇನು, ಬಂದೀಯೆ, ಬಂದಾನು, ಬಂದಾಳು, ಬಂದಾರು ಅಂತ ಆಳಿಗೆ ತಕ್ಕಂತೆ ರೂಪ ಬದಲಾಗುತ್ತದೆ. ಸಂದೇಹದ ಜೊತೆಗೆ ಕಾಳಜಿಯನ್ನೂ ಇದು ಹೊರುತ್ತದೆ: ‘ಮೆಲ್ಲಗೆ ಇಳಿ, ಬಿದ್ದೀಯೆ!’ ಇಲ್ಲಿ ‘ಬೀಳಬಹುದು’ ಅಂದರೆ ಆ ಕಳಕಳಿ ಸುಮ್ನೆ ಹೊರಟುಹೋಗುತ್ತದೆ. ಪ್ರಶ್ನೆಯಾದರೆ ಅಪನಂಬಿಕೆ ಬರುತ್ತದೆ: ‘ಇಷ್ಟು ಹೊತ್ತಿನಲ್ಲಿ ಅವನು ಬಂದಾನೇ?’

ಆಗುವುದಿಲ್ಲ ಅನ್ನುವ ಕಡೆಯೂ ಇದೇ ಥರದ ಮೆಟ್ಟಿಲುಗಳಿವೆ. ‘ಬರುವುದಿಲ್ಲ’ ಖಚಿತ. ‘ಬರಲಿಕ್ಕಿಲ್ಲ’ ಅಂದರೆ ಬರುವುದು ಅನುಮಾನ, ಆದರೂ ಬಾಗಿಲು ಪೂರ್ತಿ ಮುಚ್ಚಿಲ್ಲ. ‘ಬರಲಾರ’ ಅಂದಾಗ ಬರಲು ಅವನಿಂದ ಆಗದು ಅನ್ನುವ ಅರ್ಥವೂ ಸೇರುತ್ತದೆ, ಆದ್ದರಿಂದ ಬರೀ ಅನುಮಾನ ಹೇಳಬೇಕಿದ್ದರೆ ‘ಬರಲಿಕ್ಕಿಲ್ಲ’ ಬಳಸಿ.