ಸಾಲ ಒಪ್ಪಿಗೆ ಚೀಟಿ: ಸಹಿ ಸರಿ, ತಾರೀಖು ಎಲ್ಲಿ?

ಕೊಡಗಿನಲ್ಲಿ ಸಾಲದ ಗಡುವು ಕ್ಯಾಲೆಂಡರಿಗಿಂತ ಕಾಫಿ ಕೊಯ್ಲನ್ನೇ ನಂಬಿಕೊಂಡಿರುತ್ತದೆ. "ಈ ಸಲ ಕಾಫಿ ಕೊಟ್ಟ ಮೇಲೆ ನೋಡೋಣ" ಎನ್ನುತ್ತಾ ಮೂರು ಕೊಯ್ಲು ದಾಟಿದರೆ ದಾವಾ ಹೂಡುವ ಅವಧಿಯೇ ತೀರಿರುತ್ತದೆ.

ಒಂದು ಕಲ್ಪಿತ ಪ್ರಕರಣ ಹಿಡಿಯೋಣ. ವಿರಾಜಪೇಟೆ ಕಡೆಯ ಬೆಳೆಗಾರರೊಬ್ಬರು 2022ರ ಮಾರ್ಚ್ 10ರಂದು ವ್ಯಾಪಾರಿಯಿಂದ 4 ಲಕ್ಷ ಕೈಸಾಲ ಪಡೆದರು. (ಕೋವಿಡ್ ಕಾರಣಕ್ಕೆ ಸುಪ್ರೀಂ ಕೋರ್ಟ್ ದಾವಾ ಗಡುವಿನ ಲೆಕ್ಕದಿಂದ ಹೊರಗಿಟ್ಟ ಅವಧಿ 28-2-2022ಕ್ಕೆ ಮುಗಿಯಿತು, ಆ ಗೊಂದಲ ಬೇಡವೆಂದೇ ಈ ತಾರೀಖು.) 1963ರ ಲಿಮಿಟೇಷನ್ ಕಾಯ್ದೆಯ ಅನುಚ್ಛೇದ 19ರ ಪ್ರಕಾರ ಸಾಲ ಕೊಟ್ಟಂದಿನಿಂದ ಮೂರು ವರ್ಷ, ಅಂದರೆ 2025ರ ಮಾರ್ಚ್ 10ರವರೆಗೆ ಅವಕಾಶ. ವ್ಯಾಪಾರಿ ದಾವಾ ಹಾಕಿದ್ದು ಅದೇ ವರ್ಷದ ನವೆಂಬರಿನಲ್ಲಿ. ಅವರ ಬಳಿ ಬೆಳೆಗಾರರ ಒಂದು ಚೀಟಿ ಇದೆ: "ನಿಮ್ಮ 4 ಲಕ್ಷ ಬಾಕಿ ಇರುವುದು ನಿಜ. ಆದರೆ ನನ್ನ ಕರಿಮೆಣಸಿನ ಹಣ ಬರುವವರೆಗೆ ಒಂದು ಕಾಸೂ ಕೊಡುವುದಿಲ್ಲ." ಸಹಿ ಇದೆ, ತಾರೀಖಿಲ್ಲ. ಬಾಕಿ ಒಪ್ಪಿಕೊಂಡ ಇಂಥ ಬರಹದಿಂದ ಗಡುವು ಮತ್ತೆ ಶುರುವಾಗಬಹುದು.

"ಕೊಡುವುದಿಲ್ಲ ಎಂದ ಮೇಲೆ ಒಪ್ಪಿಗೆ ಹೇಗಾದೀತು?" ಎಂದು ಹೆಚ್ಚಿನವರು ಇಲ್ಲೇ ಎಡವುತ್ತಾರೆ. ಆಗುತ್ತದೆ. ಅದೇ ಲಿಮಿಟೇಷನ್ ಕಾಯ್ದೆಯ ಕಲಂ 18ರ ವಿವರಣೆಯಂತೆ ಹಣ ಕೊಡಲು ನಿರಾಕರಿಸಿದ್ದರೂ, ತನಗೆ ಬರಬೇಕಾದ ಬಾಕಿಯನ್ನು ಇದರಲ್ಲಿ ಕಳೆಯಿರಿ ಎಂದಿದ್ದರೂ, ಪತ್ರ ಬೇರೆ ಯಾರಿಗೋ ಬರೆದದ್ದಾದರೂ ಅದು ಒಪ್ಪಿಗೆಯೇ. ಬೇಕಾದದ್ದು ಇಷ್ಟು: ಸಾಲ ಕೊಟ್ಟವರು–ಪಡೆದವರು ಎಂಬ ಸಂಬಂಧ ಬರೆಯುವ ಹೊತ್ತಿಗೂ ಉಳಿದಿದೆ ಎಂಬುದು ಮಾತಿನಿಂದ ಹೊಮ್ಮಬೇಕು (ಸುಪ್ರೀಂ ಕೋರ್ಟಿನ ಶಾಪೂರ್ ಫ್ರೀಡಂ ಮಜ್ದಾ ತೀರ್ಪು, 1961). "ಪತ್ರ ತಲುಪಿತು, ಲೆಕ್ಕ ನೋಡಿ ಹೇಳುತ್ತೇನೆ" ಎಂದಷ್ಟೇ ಬರೆದಿದ್ದರೆ ಸಾಲದು.

ನಿಜವಾದ ಜಗಳ ತಾರೀಖಿನದು. ಅವಧಿ ತೀರುವ ಮೊದಲೇ ಸಹಿ ಬಿದ್ದಿದ್ದರೆ ಸಹಿಯ ದಿನದಿಂದ ಹೊಸದಾಗಿ ಮೂರು ವರ್ಷ. 2025ರ ಫೆಬ್ರವರಿಯಲ್ಲಿ ಬಿದ್ದಿದ್ದರೆ ದಾವಾ ಅವಧಿಯೊಳಗೇ ಬರುತ್ತದೆ. ಏಪ್ರಿಲ್ ಆಗಿದ್ದರೆ ಕಲಂ 18 ಉಪಯೋಗಕ್ಕಿಲ್ಲ. ತಾರೀಖಿಲ್ಲದ ಚೀಟಿಗೆ ಸಹಿ ಯಾವಾಗ ಬಿತ್ತೆಂದು ಬಾಯಿಮಾತಿನ ಸಾಕ್ಷ್ಯ ಕೊಡಬಹುದು, ಆದರೆ ಒಳಗೇನು ಬರೆದಿತ್ತೆಂಬುದಕ್ಕೆ ಸಾಮಾನ್ಯವಾಗಿ ಅದು ನಡೆಯದು. ಹಾಗಾಗಿ ಪಾಟೀಸವಾಲೆಲ್ಲ "ಆಗ ಕೊಯ್ಲು ಮುಗಿದಿತ್ತೇ, ಹೂಮಳೆ (ಕಾಫಿ ಹೂ ಅರಳಿಸುವ ಮಳೆ) ಬಂದಿತ್ತೇ" ಎಂಬಂಥ ಪ್ರಶ್ನೆಗಳ ಸುತ್ತ ತಿರುಗಿದರೆ ಅಚ್ಚರಿಯಿಲ್ಲ.

ಅವಧಿ ಮುಗಿದ ಮೇಲೆ ಬರೆದದ್ದಾದರೆ 1872ರ ಕರಾರು ಕಾಯ್ದೆಯ ಕಲಂ 25(3) ನೆನಪಾಗುತ್ತದೆ. ಅಲ್ಲಿ ಬರೀ ಒಪ್ಪಿಗೆ ಸಾಲದು, "ಕೊಡುತ್ತೇನೆ" ಎಂಬ ಸಹಿ ಮಾಡಿದ ಲಿಖಿತ ವಾಗ್ದಾನ ಬೇಕು. ನಮ್ಮ ಚೀಟಿಯಲ್ಲಿರುವುದು ತದ್ವಿರುದ್ಧ.

"ಸಹಿ ನನ್ನದಲ್ಲ" ಎಂದರೆ ಸಾಬೀತಿನ ಹೊರೆ ವಾದಿಯದು; ಕೈಬರಹ ತಜ್ಞರ ವರದಿ ಬರಬಹುದು, ನ್ಯಾಯಾಧೀಶರು ತಾವೇ ಹೋಲಿಸಿಯೂ ನೋಡಬಹುದು. "ಸಹಿ ನನ್ನದೇ, ಖಾಲಿ ಹಾಳೆಗೆ ಹಾಕಿಸಿಕೊಂಡರು" ಎಂದರೆ ಅದನ್ನು ತೋರಿಸಬೇಕಾದವರು ಪ್ರತಿವಾದಿ. ಪ್ರೋನೋಟಿಗಿರುವ, ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ ಕಲಂ 118ರ ಪೂರ್ವಭಾವನೆ (ಪ್ರತಿಫಲ ಪಡೆದೇ ಬರೆದದ್ದೆಂದು ಕೋರ್ಟ್ ಮೊದಲೇ ಭಾವಿಸುವುದು) ಇಂಥ ಸಾದಾ ಚೀಟಿಗೆ ಸಿಗದು, ಎರಡನ್ನೂ ಕಲಸಬೇಡಿ.

ಪ್ರತಿವಾದಿ ತಕರಾರು ಎತ್ತದಿದ್ದರೂ ಅವಧಿ ಮೀರಿದ ದಾವಾವನ್ನು ಲಿಮಿಟೇಷನ್ ಕಾಯ್ದೆಯ ಕಲಂ 3ರಡಿ ಕೋರ್ಟ್ ವಜಾ ಮಾಡಲೇಬೇಕು. ಆದ್ದರಿಂದ ಈ ಚೀಟಿಯ ವಿಷಯ ವಾದಪತ್ರದಲ್ಲೇ ಇರಬೇಕು: ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 7, ನಿಯಮ 6.