ಒಕೊನೊಮಿಯಾಕಿ: ಎಲ್ಲಾ ಕೋಸಿನ ನೀರಿನ ಆಟ

ಮೊದಲ ಸಲ ಒಕೊನೊಮಿಯಾಕಿ ಎಂಬ ಜಪಾನಿನ ಕೋಸಿನ ರೊಟ್ಟಿ ಮಾಡಲು ಹೊರಟಾಗ ನಾನು ಎಲೆಕೋಸು ಹೆಚ್ಚಿ, ಪಕೋಡಕ್ಕೆ ಬೆರೆಸುವ ಹಾಗೆ ಉಪ್ಪು ಬೆರೆಸಿ, ಹಿಟ್ಟಿಗೆ ಕಲಸಿಟ್ಟು ಬೇರೆ ಕೆಲಸಕ್ಕೆ ಎದ್ದುಹೋದೆ. ಅರ್ಧ ಗಂಟೆ ಬಿಟ್ಟು ಬಂದರೆ ಪಾತ್ರೆ ತುಂಬಾ ನೀರು. ಸರಿ, ಇನ್ನಷ್ಟು ಮೈದಾ ಸುರಿದು ಗಟ್ಟಿ ಮಾಡಿದೆ. ಬೆಂದ ಮೇಲೆ ನೋಡಿದರೆ ಹೊರಗೆ ಕಪ್ಪು, ಒಳಗೆ ಅಂಟು, ಅಗಿದಷ್ಟೂ ರಬ್ಬರು.

ಆ ನೀರು ಹೊರಗಿಂದ ಬಂದದ್ದಲ್ಲ. ಅದು ಕೋಸಿನದೇ.

ಜಪಾನಿನ ಒಸಾಕಾದಲ್ಲಿ ಈ ತಿಂಡಿ ಮನೆಮನೆಯ ಊಟ. ‘ಒಕೊನೊಮಿ’ ಅಂದರೆ ನಿಮಗೆ ಇಷ್ಟವಾದದ್ದು, ‘ಯಾಕಿ’ ಅಂದರೆ ಸುಟ್ಟದ್ದು, ಬೇಯಿಸಿದ್ದು. ಒಬ್ಬರಿಗೆ ಬೇಕಾಗುವುದು ಸುಮಾರು 50 ಗ್ರಾಂ ಹಿಟ್ಟು, 50 ಮಿಲಿಲೀಟರ್ ನೀರು ಅಥವಾ ದಾಶಿ ಸಾರು, ಒಂದು ಮೊಟ್ಟೆ, 150 ಗ್ರಾಂ ಕೋಸು. ಕೋಸಿನಲ್ಲಿ ನೂರಕ್ಕೆ 92 ಪಾಲು ನೀರು. ಅಂದರೆ 150 ಗ್ರಾಂ ಕೋಸಿನೊಳಗೆ ಹತ್ತಿರ ಹತ್ತಿರ 140 ಗ್ರಾಂ ನೀರು ಕೂತಿದೆ. ನಾವು ಹಿಟ್ಟಿಗೆ ಹಾಕಿದ ನೀರಿಗಿಂತ ಎರಡೂವರೆ ಪಟ್ಟು ಜಾಸ್ತಿ! ಈ ನೀರು ಯಾವಾಗ ಹೊರಗೆ ಬರಬೇಕು, ಯಾವಾಗ ಬರಬಾರದು ಅನ್ನುವುದನ್ನು ನೋಡಿಕೊಂಡರೆ ಅರ್ಧ ಅಡುಗೆ ಗೆದ್ದ ಹಾಗೆ.

ಕೋಸಿನ ಒಂದೊಂದು ಜೀವಕೋಶವೂ ನೀರು ತುಂಬಿದ ಪುಟ್ಟ ಚೀಲ. ಹೊರಗೆ ಉಪ್ಪು ಬಿದ್ದರೆ ಚೀಲದ ಪೊರೆ ದಾಟಿ ನೀರು ಉಪ್ಪಿದ್ದ ಕಡೆಗೆ ಹೋಗುತ್ತದೆ. ಉಪ್ಪಿನಕಾಯಿ ಭರಣಿಯಲ್ಲಿ ಮಾವಿನಕಾಯಿ ಹೋಳು ನೀರು ಬಿಡುವುದೂ ಹೀಗೇ. ಅದಕ್ಕೇ ಒಕೊನೊಮಿಯಾಕಿಯಲ್ಲಿ ಕೋಸನ್ನು ಹಿಟ್ಟಿಗೆ ಬೆರೆಸುವುದು ಕಾವಲಿ ಕಾದ ಮೇಲೆ, ಒಂದೊಂದಕ್ಕೆ ಬೇಕಾದಷ್ಟೇ. ಬೆರೆಸುವಾಗಲೂ ತಿರುವಬಾರದು. ಚಮಚದಿಂದ ಅಡಿಯಿಂದ ಮೇಲಕ್ಕೆ ಎತ್ತಿ ಎತ್ತಿ ಬಿಡಬೇಕು. ತಿರುವಿದಷ್ಟೂ ಗೋಧಿಯ ಗ್ಲುಟೆನ್ ಎಂಬ ಅಂಟು ಪ್ರೋಟೀನು ಬಲೆ ಹೆಣೆದುಕೊಂಡು ರೊಟ್ಟಿ ಬಿರುಸಾಗುತ್ತದೆ. ಎತ್ತಿ ಬಿಟ್ಟರೆ ಗಾಳಿ ಸೇರುತ್ತದೆ.

ಆ ಗಾಳಿಯನ್ನು ಹಿಡಿದಿಡಲು ಜಪಾನೀಯರು ಬಳಸುವ ವಸ್ತು ನನಗೆ ತುಂಬಾ ಇಷ್ಟ. ಅದು ನಾಗಾಯಿಮೊ ಎಂಬ ಉದ್ದನೆಯ ಗೆಡ್ಡೆ. ತುರಿದರೆ ಸಾಕು, ಬಿಳಿ ಲೋಳೆಯಾಗಿ ಬಟ್ಟಲಿಗೆ ಜಾರುತ್ತದೆ. ಚಮಚ ಎತ್ತಿದರೆ ದಾರದ ಹಾಗೆ ಎಳೆ ಬಿಡುತ್ತದೆ. ಈ ಲೋಳೆಯಲ್ಲಿ ಸಕ್ಕರೆಸರಪಳಿಗಳೂ ಪ್ರೋಟೀನುಗಳೂ ಇವೆ. ಗಾಳಿಯ ಗುಳ್ಳೆಗಳ ಸುತ್ತ ಅವು ಗೋಡೆ ಕಟ್ಟುತ್ತವೆ. ಹಿಟ್ಟು ಕಡಿಮೆ, ಕೋಸು ಜಾಸ್ತಿ ಇದ್ದರೂ ರೊಟ್ಟಿ ಕುಸಿಯದೆ ಹಗುರವಾಗಿ ನಿಲ್ಲುವುದು ಇದರಿಂದ. ತುರಿಯುವಾಗ ಕೈ ತುರಿಸುತ್ತದೆ, ಎಚ್ಚರ. ಸಿಪ್ಪೆಯ ಬಳಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂಥ ಹರಳುಗಳಿರುತ್ತವೆ. ಕೆಸುವಿನ ಎಲೆ ತುರಿಸುವುದೂ ಅವುಗಳಿಂದಲೇ. ಪತ್ರೊಡೆಗೆ ನಾವು ಹುಣಸೆಹುಳಿ ಹಾಕಿದರೆ, ಅಲ್ಲಿಯವರು ಕೈಗೆ ವಿನೆಗರ್ ಹಚ್ಚಿಕೊಳ್ಳುತ್ತಾರೆ.

ನಾಗಾಯಿಮೊ ನನಗೆ ಸುಲಭಕ್ಕೆ ಸಿಗುವುದಿಲ್ಲ. ನಾನು ಎರಡು ಚಮಚ ನುಣ್ಣಗೆ ರುಬ್ಬಿದ ಉದ್ದಿನ ಹಿಟ್ಟು ಸೇರಿಸುತ್ತೇನೆ. ಇದು ಸುಮ್ನೆ ಹೇಳುತ್ತಿರುವುದಲ್ಲ. ಉದ್ದಿನಲ್ಲಿರುವ ಅರಾಬಿನೊಗ್ಯಾಲಕ್ಟಾನ್ ಎಂಬ ಲೋಳೆ ಮತ್ತು ಗ್ಲೋಬ್ಯುಲಿನ್ ಪ್ರೋಟೀನು ಸೇರಿ ಗುಳ್ಳೆಗಳನ್ನು ಹಿಡಿದಿಡುತ್ತವೆ ಎಂದು ಮೈಸೂರಿನ ಆಹಾರ ಸಂಶೋಧನಾ ಸಂಸ್ಥೆ ಸಿಎಫ್‌ಟಿಆರ್‌ಐನ ವಿಜ್ಞಾನಿಗಳು 1970ರ ದಶಕದಲ್ಲೇ ತೋರಿಸಿದ್ದರು. ಇಡ್ಲಿ ಮೆತ್ತಗಾಗುವ ಗುಟ್ಟು ಅದು. ರುಚಿ ಸ್ವಲ್ಪ ಬೇರೆಯಾಗುತ್ತದೆ, ಆದರೆ ರೊಟ್ಟಿ ಚೆನ್ನಾಗಿ ನಿಲ್ಲುತ್ತದೆ.

ಇನ್ನು ಕಾವಲಿ. ಕಾವು 200 ಡಿಗ್ರಿ ಸೆಲ್ಸಿಯಸ್ ಹತ್ತಿರ ಇರಬೇಕು. ನೀರು ಚಿಮುಕಿಸಿ ನೋಡಿ. ಹನಿ ಚುಂಯ್ ಎಂದು ಅಲ್ಲೇ ಆರಿದರೆ ಇನ್ನೂ ಸಾಲದು. ಗುಂಡಗಾಗಿ ಅತ್ತಿತ್ತ ಓಡಾಡಿದರೆ ಕಾವು ಬಂದಿದೆ. ತನ್ನದೇ ಆವಿಯ ಮೇಲೆ ತೇಲುವುದರಿಂದ ಅದು ಬೇಗ ಆರುವುದಿಲ್ಲ. ಎಣ್ಣೆ ಸವರಿ ಹಿಟ್ಟು ಸುರಿದು, ಎರಡು ಸೆಂಟಿಮೀಟರ್ ದಪ್ಪಕ್ಕೆ ಗುಂಡಗೆ ಹರಡಿ. ಒಸಾಕಾದಲ್ಲಿ ಮೇಲೆ ಹಂದಿಮಾಂಸದ ತೆಳು ಪಟ್ಟಿ ಇಡುತ್ತಾರೆ. ಬೇಡದವರು ಅಣಬೆ ಇಡಬಹುದು. ಮೂರು ನಿಮಿಷ ಬಿಟ್ಟು ಮಗುಚಿ, ಐದು ನಿಮಿಷ ಬೇಯಿಸಿ, ಮತ್ತೆ ಮಗುಚಿ ಎರಡು ನಿಮಿಷ ಬಿಡಿ.

ಈ ಹತ್ತು ನಿಮಿಷದಲ್ಲಿ ಒಂದೇ ರೊಟ್ಟಿಯಲ್ಲಿ ಎರಡು ಬೇರೆ ಬೇರೆ ಅಡುಗೆ ನಡೆಯುತ್ತದೆ. ಅಡಿಯಲ್ಲಿ ನೀರು ಆರಿಹೋಗಿ ಕಾವು 140 ಡಿಗ್ರಿ ದಾಟುತ್ತದೆ. ಪ್ರೋಟೀನು, ಸಕ್ಕರೆ ಸೇರಿ ಕೆಂಬಣ್ಣ, ಘಮ ಎರಡೂ ಬರುತ್ತವೆ. 1912ರಲ್ಲಿ ಇದನ್ನು ವಿವರಿಸಿದ ಫ್ರಾನ್ಸಿನ ಲೂಯಿ ಕಮೀಲ್ ಮೈಯಾರ್ ಹೆಸರಲ್ಲೇ ಇದನ್ನು ಮೈಯಾರ್ ಕ್ರಿಯೆ ಅನ್ನುತ್ತಾರೆ. ಒಳಗೆ ಮಾತ್ರ ನೀರು ಇರುವ ತನಕ ಕಾವು 100 ಡಿಗ್ರಿ ದಾಟುವುದಿಲ್ಲ. ಅಲ್ಲಿ ಕೋಸು ತನ್ನದೇ ಆವಿಯಲ್ಲಿ ಬೇಯುತ್ತದೆ, ಸಿಹಿಯಾಗುತ್ತದೆ. ಅತಿಯಾಗಿ ಬೆಂದ ಕೋಸಿನ ಆ ಗಂಧಕದ ವಾಸನೆ ಬರುವಷ್ಟು ಹೊತ್ತು ಅದು ಒಲೆಯ ಮೇಲೆ ಇರುವುದೇ ಇಲ್ಲ. ಸಟ್ಟುಗದಿಂದ ಒತ್ತಲು ಕೈ ಹೋಗುತ್ತದೆ, ಅಲ್ವಾ? ದಯವಿಟ್ಟು ಒತ್ತಬೇಡಿ. ಒತ್ತಿದರೆ ಗುಳ್ಳೆ ಒಡೆದು ಆವಿ ಹೋಗುತ್ತದೆ. ಕೋಸಿನ ರಸ ಕಾವಲಿಗೆ ಇಳಿದು ಅದನ್ನು ತಣ್ಣಗೆ ಮಾಡುತ್ತದೆ.

ಹಿರೋಷಿಮಾದಲ್ಲಿ ಇದೇ ಕೆಲಸಕ್ಕೆ ಇನ್ನೊಂದು ದಾರಿ. ಯುದ್ಧಕ್ಕೆ ಮುಂಚೆ ಅಲ್ಲಿ ಮಕ್ಕಳು ಒಂದು ಸೆನ್ ಕಾಸಿಗೆ ಕೊಂಡು ತಿನ್ನುವ ತೆಳು ದೋಸೆಯಂಥ ತಿಂಡಿ ಇತ್ತು. 1945ರ ಆಗಸ್ಟ್ 6ರಂದು ಬಾಂಬು ಬಿದ್ದು ಊರು ಬೂದಿಯಾಯಿತು. ಅಕ್ಕಿ ಸಿಗದ ಆ ದಿನಗಳಲ್ಲಿ, ನೆರವಾಗಿ ಬಂದ ಅಮೆರಿಕದ ಗೋಧಿಹಿಟ್ಟಿಗೆ ಕೋಸು ಸೇರಿಸಿ ಅದನ್ನೇ ಹೊಟ್ಟೆ ತುಂಬುವ ಊಟವಾಗಿ ಬೆಳೆಸಿದರು. ಅಲ್ಲಿ ಕೋಸನ್ನು ಹಿಟ್ಟಿಗೆ ಕಲಸುವುದಿಲ್ಲ. ತೆಳ್ಳಗೆ ಹುಯ್ದು, ಮೇಲೆ ಕೋಸಿನ ಗುಡ್ಡೆ ಹಾಕಿ, ಒಟ್ಟಿಗೇ ಮಗುಚುತ್ತಾರೆ. ಆಗ ದೋಸೆಯೇ ಮುಚ್ಚಳ. ಗುಡ್ಡೆ ಅದರಡಿ ಬೆಂದು ಕುಗ್ಗುತ್ತದೆ. ಮುಂಚೆ ಇದರ ಮೇಲೆ ತೆಳು ವೂಸ್ಟರ್ ಸಾಸ್ ಹಾಕುತ್ತಿದ್ದರು, ಅದು ಜಾರಿ ಕಾವಲಿಗೇ ಹೋಗುತ್ತಿತ್ತು. ಜಾರದ ಹಾಗೆ ಗಟ್ಟಿಯಾದ ಸಾಸನ್ನು ಆ ಊರಿನ ಒಟಾಫುಕು ಕಂಪನಿ 1952ರಲ್ಲಿ ತಂದಿತು.

ಇನ್ನು ದಾಶಿ. ಕಡಲಪಾಚಿ, ಒಣ ಮೀನು ಹಾಕಿ ಮಾಡುವ ಸಾರು ಅದು. ಕೊಂಬು ಎಂಬ ಕಡಲಪಾಚಿಯಲ್ಲಿರುವ ಗ್ಲುಟಮೇಟೇ ಉಮಾಮಿ, ಅಂದರೆ ಸಾರಿಗೆ ಬರುವ ಆ ತುಂಬು ರುಚಿಯ ಮೂಲ ಎಂದು 1908ರಲ್ಲಿ ಕಂಡುಕೊಂಡವರು ಜಪಾನಿನ ರಸಾಯನಶಾಸ್ತ್ರಜ್ಞ ಕಿಕುನಾಯೆ ಇಕೆಡಾ. ಒಣ ಮೀನು ಕತ್ಸುವೊಬುಶಿಯ ರುಚಿ ಇನೋಸಿನೇಟಿನದು ಎಂದು 1913ರಲ್ಲಿ ತೋರಿಸಿದವರು ಶಿಂತಾರೊ ಕೊಡಾಮಾ. ಎರಡೂ ಸೇರಿದರೆ ರುಚಿ ಹಲವು ಪಟ್ಟು ಏರುತ್ತದೆ. ಮೀನು ತಿನ್ನದವರಿಗೆ ಕೊಂಬು ಜೊತೆ ಒಣಗಿದ ಶಿಟಾಕೆ ಅಣಬೆ ನೆನೆಸಿದರೂ ಅಂಥದೇ ಜೋಡಿ ಸಿಗುತ್ತದೆ.

ಕತ್ಸುವೊಬುಶಿ ಎಂದರೆ ಬೇಯಿಸಿ, ಹೊಗೆಯಲ್ಲಿಟ್ಟು, ಮರದ ತುಂಡಿನಷ್ಟು ಗಟ್ಟಿಯಾಗುವ ತನಕ ಒಣಗಿಸಿದ ಮೀನು. ಬಡಗಿ ಹತ್ತರಿ ಹಾಕಿ ಮರ ಹೆರೆದ ಹಾಗೆ ಅದನ್ನು ಹೆರೆಯುತ್ತಾರೆ. ಸಾಸ್, ಮೇಯೊನೇಸ್ ಸವರಿದ ಬಿಸಿ ರೊಟ್ಟಿಯ ಮೇಲೆ ಆ ತೆಳ್ಳನೆಯ ಹೆರೆ ಉದುರಿಸಿ ನೋಡಿ. ಜೀವ ಬಂದ ಹಾಗೆ ಕುಣಿಯತೊಡಗುತ್ತದೆ. ಒಂದೊಂದು ಹೆರೆಯೂ ಒಂದು ಕಡೆ ದಪ್ಪ, ಇನ್ನೊಂದು ಕಡೆ ಇನ್ನೂ ತೆಳು. ಕೋಸಿನೊಳಗಿಂದ ಎದ್ದ ಆವಿ ತಾಗಿದಾಗ ತೆಳುವಾದ ಕಡೆ ಮೊದಲು ತೇವ ಹೀರಿ ಬಾಗುತ್ತದೆ, ದಪ್ಪ ಭಾಗ ಆಮೇಲೆ. ರೊಟ್ಟಿ ತಣ್ಣಗಾದಂತೆ ಆವಿ ಕಡಿಮೆಯಾಗಿ ಕುಣಿತವೂ ನಿಲ್ಲುತ್ತದೆ. ಅಷ್ಟರೊಳಗೆ ತಿನ್ನಲು ಶುರುಮಾಡಿ.