ನಕಾಶೆಯಲ್ಲಿ ಇಲ್ಲದ ದಾರಿ

ಹೊಲದ ದಾರಿಯ ತಕರಾರು ಬಂದಾಗ ಮೊದಲು ಬಿಚ್ಚುವುದು ಗ್ರಾಮ ನಕಾಶೆಯನ್ನು. ಅದರಲ್ಲಿ ಬಂಡಿದಾರಿಗೆ ಜೋಡಿ ತುಂಡುಗೆರೆ, ಕಾಲುದಾರಿಗೆ ಒಂಟಿ ತುಂಡುಗೆರೆ. ಗೆರೆ ಇದ್ದು, ಅಷ್ಟು ಜಾಗ ಪಹಣಿಯಲ್ಲಿ ‘ಬಿ’ ಖರಾಬು, ಅಂದರೆ ಸಾಗುವಳಿಗೆ ಸೇರದ ಸಾರ್ವಜನಿಕ ಬಳಕೆಯ ಜಾಗ, ಎಂದು ನಮೂದಾಗಿದ್ದರೆ ದಾರಿ ಸಾರ್ವಜನಿಕರದು. ಅದನ್ನು ಉತ್ತು ಅಳಿಸಿದವರದು ಒತ್ತುವರಿ. ದಾವಣಗೆರೆ, ಚಿತ್ರದುರ್ಗ ಜಿಲ್ಲೆಗಳ ರೈತರನ್ನು ವರ್ಷಗಟ್ಟಲೆ ಸಿವಿಲ್ ಕೋರ್ಟಿಗೆ ಅಲೆಸುವ ವ್ಯಾಜ್ಯಗಳು ಹೆಚ್ಚಾಗಿ ಹುಟ್ಟುವುದು ಈ ಗೆರೆಯೇ ಇಲ್ಲದ ಕಡೆ.

ಮೈಸೂರು ಸಂಸ್ಥಾನದಲ್ಲಿ ಬೊಂಬಾಯಿ ಪದ್ಧತಿಯ ಕಂದಾಯ ಮೋಜಣಿ ಶುರುವಾದದ್ದು 1863ರಲ್ಲಿ. 33 ಅಡಿಯ ಸರಪಳಿ, ಒಂದು ಸರಪಳಿಗೆ 16 ಆಣೆ ಎಂಬ ಲೆಕ್ಕದಲ್ಲಿ ಹೊಲ ಅಳೆದವರಿಗೆ ಬೇಕಿದ್ದದ್ದು ಕಂದಾಯದ ನಿಗದಿ. ಊರಿಂದೂರಿಗೆ ಹೋಗುವ ದಾರಿ ಅವರ ನಕಾಶೆಗೆ ಬಂತು, ಒಂದೇ ಸರ್ವೆ ನಂಬರಿನ ಒಳಗೆ ಯಾರು ಎಲ್ಲಿ ನಡೆದಾಡುತ್ತಾರೆ ಎಂಬುದು ಬರಲಿಲ್ಲ. ಮುಂದೆ ಅದೇ ನಂಬರು ಅಣ್ಣತಮ್ಮಂದಿರ ನಡುವೆ ಹಿಸ್ಸೆಯಾಗಿ, ಹಿಸ್ಸೆಯೂ ಮತ್ತೆ ಒಡೆದಾಗ, ರಸ್ತೆಗೆ ಹೊಂದಿದ ಪಾಲು ಒಬ್ಬರಿಗೂ ಒಳಗಿನ ಪಾಲು ಇನ್ನೊಬ್ಬರಿಗೂ ಬಂತು. ಮಳೆಯಾಶ್ರಿತ ಜೋಳ, ಶೇಂಗಾ ಬೆಳೆಯುವವರೆಗೆ ಇದು ತೊಡಕೆನಿಸಲಿಲ್ಲ. ಸುಗ್ಗಿ ಮುಗಿದ ಹೊಲದಲ್ಲಿ ಯಾರ ಬಂಡಿ ಹಾದರೂ ಕೇಳುವವರಿರಲಿಲ್ಲ. ಭದ್ರಾ ನಾಲೆಯ ನೀರಿಗೆ ದಾವಣಗೆರೆ ಸುತ್ತ ಭತ್ತದ ಗದ್ದೆಗಳಾಗಿ, ಚನ್ನಗಿರಿ, ಹೊಳಲ್ಕೆರೆ ಕಡೆ ಅಡಿಕೆ ತೋಟ ಹಬ್ಬಿದ ಮೇಲೆ ನೆಲ ಖಾಲಿ ಬೀಳುವ ದಿನಗಳು ಕಡಿಮೆಯಾದವು, ತೋಟಕ್ಕೆ ತಂತಿಬೇಲಿಯೂ ಬಂತು.

ಇಂಥ ವ್ಯಾಜ್ಯಕ್ಕೆ ಇಂದಿಗೂ ಆಧಾರ 1882ರ ಭಾರತೀಯ ಈಸ್‌ಮೆಂಟ್ ಅಧಿನಿಯಮ; ಈಸ್‌ಮೆಂಟ್ ಎಂದರೆ ಇನ್ನೊಬ್ಬರ ಜಮೀನಿನ ಮೇಲೆ ನಮಗಿರುವ ದಾರಿಯಂಥ ಬಳಕೆಯ ಹಕ್ಕು. ಅದರ 13ನೇ ಕಲಮು ಪಾಲಾದ ಜಮೀನಿನ ಪಾಡನ್ನೇ ಕುರಿತದ್ದು: ಜಮೀನು ವಿಭಾಗವಾದಾಗ ಅಥವಾ ಅದರ ಒಂದು ತುಂಡು ಮಾರಾಟವಾದಾಗ, ಇನ್ನೊಂದು ಭಾಗವನ್ನು ಹಾಯದೆ ಒಳಗಿನ ಹೊಲ ಸೇರುವುದು ಸಾಧ್ಯವೇ ಇಲ್ಲದಿದ್ದರೆ ದಾರಿಯ ಹಕ್ಕು ತಾನಾಗಿ ಹುಟ್ಟುತ್ತದೆ. ಆದರೆ ನ್ಯಾಯಾಲಯಗಳು ನೋಡುವುದು ಅನಿವಾರ್ಯತೆಯನ್ನು, ಅನುಕೂಲವನ್ನಲ್ಲ. ಸುತ್ತು ಬಳಸಿಯಾದರೂ ಹೋಗಲು ಇನ್ನೊಂದು ದಾರಿ ಇದ್ದರೆ ಈ ವಾದ ನಿಲ್ಲುವುದು ಕಷ್ಟ. ಅನಿವಾರ್ಯತೆ ತೀರಿದ ದಿನ ಹಕ್ಕೂ ತೀರುತ್ತದೆ ಎನ್ನುತ್ತದೆ 41ನೇ ಕಲಮು.

15ನೇ ಕಲಮಿನ ಬಗೆ ಬೇರೆ. 20 ವರ್ಷ ಬಹಿರಂಗವಾಗಿ, ತಂಟೆಯಿಲ್ಲದೆ, ಅಡ್ಡಿಯಿಲ್ಲದೆ, ಹಕ್ಕಿನಿಂದಲೇ ಓಡಾಡಿದ್ದರೆ ದಾರಿ ಹಕ್ಕಾಗುತ್ತದೆ. ಸರ್ಕಾರಿ ಜಮೀನಾದರೆ 30 ವರ್ಷ. ಇಲ್ಲಿ ‘ಹಕ್ಕಿನಿಂದ’ ಎಂಬ ಮಾತೇ ಹಳ್ಳಿಯ ನಡವಳಿಕೆಗೆ ತಿರುಗುಬಾಣ. ‘ಅವರ ಅಪ್ಪನ ಕಾಲದಲ್ಲಿ ನಮ್ಮನ್ನು ಕೇಳಿಕೊಂಡೇ ಹೋಗುತ್ತಿದ್ದರು’ ಎಂದು ಪ್ರತಿವಾದಿ ರುಜುವಾತು ಮಾಡಿದರೆ, ಅದು ಬರೀ ಅನುಮತಿ; ಅನುಮತಿಯಿಂದ ನಡೆದದ್ದು 50 ವರ್ಷವಾದರೂ ಹಕ್ಕಾಗದು. ಮರ್ಯಾದೆಗೆ ಒಂದು ಮಾತು ಕೇಳಿ ಹೋದವರ ಮಕ್ಕಳು ದಾವೆ ಸೋಲುವುದು ಕಾನೂನಿನ ದೃಷ್ಟಿಯಲ್ಲಿ ಸರಿಯೇ ಇರಬಹುದು, ನನಗಂತೂ ಅದು ಸಲೀಸಾಗಿ ಒಪ್ಪುವ ಮಾತಲ್ಲ.

ಗೆದ್ದರೂ ಅಳತೆಯ ಜಗಳ ಉಳಿಯುತ್ತದೆ. ಬೇರೆ ಪುರಾವೆ ಇಲ್ಲದಿದ್ದಾಗ ಒಂದು ಬಗೆಯ ದಾರಿಯ ಹಕ್ಕಿನಲ್ಲಿ ಇನ್ನೊಂದು ಬಗೆಯದು ಸೇರುವುದಿಲ್ಲ ಎಂಬುದು 28ನೇ ಕಲಮಿನ ನಿಯಮ. ಕಾಲುದಾರಿ ಸಾಬೀತಾದವರು ಬಂಡಿ ಹೊಡೆಯುವಂತಿಲ್ಲ. ಭತ್ತ ಕೊಯ್ಯುವ ಯಂತ್ರದ ಮಾತು ದೂರವೇ ಉಳಿಯಿತು.

ಸಿವಿಲ್ ದಾವೆಯ ನಿಧಾನಗತಿಯಿಂದಾಗಿ ಜನ ತಾಲ್ಲೂಕು ದಂಡಾಧಿಕಾರಿಯೂ ಆದ ತಹಶೀಲ್ದಾರರ ಬಾಗಿಲಿಗೂ ಹೋಗುತ್ತಾರೆ. ದಂಡ ಪ್ರಕ್ರಿಯಾ ಸಂಹಿತೆಯ 147ನೇ ಕಲಮಿನ ಅಧಿಕಾರ ಬಳಸಿ ರೈತರ ದಾರಿ ಬಿಡಿಸಿಕೊಡಿ ಎಂದು ಕಂದಾಯ ಇಲಾಖೆ 2023ರಲ್ಲಿ ಸುತ್ತೋಲೆ ಹೊರಡಿಸಿತು. 2024ರ ಜುಲೈ 1ರಿಂದ ಆ ಕಲಮಿನ ಜಾಗದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 166 ಬಂದಿದೆ. ವರ್ಷವಿಡೀ ಬಳಸುವ ದಾರಿಯಾದರೆ ಹಿಂದಿನ ಮೂರು ತಿಂಗಳಲ್ಲಿ, ಹಂಗಾಮಿಗೆ ಮಾತ್ರ ಬಳಸುವುದಾದರೆ ಕಳೆದ ಹಂಗಾಮಿನಲ್ಲಿ ಓಡಾಡಿದ್ದಕ್ಕೆ ಸಾಕ್ಷ್ಯ ಬೇಕು. ತಹಶೀಲ್ದಾರರು ಹೀಗೆ ಕೊಡುವ ಆದೇಶ ಶಾಂತಿ ಕದಡದಂತೆ ನೋಡಿಕೊಳ್ಳುವುದಕ್ಕೆ. ದಾರಿ ಯಾರ ಹಕ್ಕು ಎಂಬುದನ್ನು ತೀರ್ಮಾನಿಸುವುದು ಸಿವಿಲ್ ಕೋರ್ಟೇ. ಅಲ್ಲಿ ವಕೀಲರು ಮೊದಲು ಕೇಳುವುದು ಹಳೆಯ ಪಾಲುಪಟ್ಟಿಯನ್ನು, ಅದರ ಚಕ್ಕುಬಂದಿಯಲ್ಲಿ, ಅಂದರೆ ನಾಲ್ಕು ದಿಕ್ಕಿನ ಗಡಿಯ ವಿವರದಲ್ಲಿ, ‘ಓಡಾಡುವ ದಾರಿ ಬಿಟ್ಟು’ ಎಂಬ ಮೂರು ಪದ ಇದೆಯೇ ಎಂದು.